ಮಾನವನ್ನು ಅಳೆಯುವವರು ಯಾರು?

ಪ್ರಾಣಕ್ಕಿಂತ ಮಾನ ದೊಡ್ಡದೆಂಬ ಮಾತನ್ನು ಕೇಳುತ್ತಲೇ ಬೆಳೆದವರು ನಾವು. ಆದರೆ ಆ ಮಾನವನ್ನು ಅಳೆಯುವವರು ಯಾರು? ರಷ್ಯದ ಮಹಾಕವಿ ಪುಷ್ಕಿನ್ನನ ಸಾವಿನ ವೃತ್ತಾಂತವನ್ನು ಓದಿದಂದಿನಿಂದ ಈ ಪ್ರಶ್ನೆ ನನ್ನನ್ನು ಬಿಟ್ಟಿಲ್ಲ.

ಯೂರೋಪಿನ ಕುಲೀನರ ದ್ವಂದ್ವಯುದ್ಧ ಬೀದಿಜಗಳವಲ್ಲ; ಅದಕ್ಕೊಂದು ಶಾಸ್ತ್ರವಿತ್ತು. ಅವಮಾನಿತನು ಆಹ್ವಾನ ಕಳುಹಿಸಬೇಕು. ಇಬ್ಬರ ಕಡೆಯ ಸಾಕ್ಷಿಗಳು ಮೊದಲು ರಾಜಿಗೆ ಯತ್ನಿಸಬೇಕು. ಅದು ಮುರಿದರೆ ಸ್ಥಳವನ್ನೂ ಆಯುಧವನ್ನೂ ಹೆಜ್ಜೆಗಳ ಅಂತರವನ್ನೂ ಗೊತ್ತುಮಾಡಬೇಕು. 1777ರಲ್ಲಿ ಐರ್ಲೆಂಡಿನ ಕುಲೀನರು ಇದಕ್ಕೆ ಲಿಖಿತ ನಿಯಮಾವಳಿಯನ್ನೇ ರಚಿಸಿದರು. 1829ರಲ್ಲಿ ಇಂಗ್ಲೆಂಡಿನ ಪ್ರಧಾನಿಯಾಗಿದ್ದ ವೆಲಿಂಗ್ಟನ್ನನೂ ಪಿಸ್ತೂಲು ಹಿಡಿದು ಕಣಕ್ಕಿಳಿದ. ಕಾನೂನು ಬೇಡವೆನ್ನುತ್ತಿತ್ತು, ಸಮಾಜ ಬೇಕೆನ್ನುತ್ತಿತ್ತು. ಆಹ್ವಾನವನ್ನು ನಿರಾಕರಿಸಿದವನಿಗೆ ಹೇಡಿಯೆಂಬ ಹೆಸರು ತಪ್ಪುತ್ತಿರಲಿಲ್ಲ.

1836ರ ನವೆಂಬರಿನಲ್ಲಿ ಪುಷ್ಕಿನ್ನನಿಗೂ ಅವನ ಮಿತ್ರರಿಗೂ ಹೆಸರಿಲ್ಲದ ಪತ್ರಗಳು ಬಂದವು. ಅವನ ಪತ್ನಿಯ ಶೀಲವನ್ನು ಶಂಕಿಸಿ ಅವನನ್ನು ಹಾಸ್ಯ ಮಾಡಿದ ಪತ್ರಗಳು ಅವು. ಕವಿಯು ದಾಂತೆಸ್ ಎಂಬ ಫ್ರೆಂಚ್ ಮೂಲದ ಸೇನಾಧಿಕಾರಿಗೆ ಆಹ್ವಾನವಿತ್ತನು. ಆತ ಕವಿಪತ್ನಿಯ ಅಕ್ಕನನ್ನೇ ವಿವಾಹವಾಗಲು ಮುಂದಾದುದರಿಂದ ಆ ಪ್ರಕರಣ ತಣ್ಣಗಾಯಿತು, ಗಾಳಿಮಾತು ತಣ್ಣಗಾಗಲಿಲ್ಲ. ಕವಿ ಈ ಬಾರಿ ದಾಂತೆಸನ ಸಾಕುತಂದೆಗೆ ಕಟುವಾದ ಪತ್ರ ಬರೆದ. ಅದಕ್ಕೆ ಉತ್ತರವಾಗಿ ದಾಂತೆಸನಿಂದಲೇ ಆಹ್ವಾನ ಬಂತು.

ರಷ್ಯದ ಹಳೆಯ ಪಂಚಾಂಗದಂತೆ 1837ರ ಜನವರಿ 27. ಪೀಟರ್ಸ್‌ಬರ್ಗಿನ ಹೊರವಲಯದ ಹಿಮದಲ್ಲಿ ಗಡಿಗೆರೆಗಳ ನಡುವೆ ಹತ್ತೇ ಹೆಜ್ಜೆಗಳ ಅಂತರ. ಮೊದಲು ಗುಂಡು ಹಾರಿಸಿದವನು ದಾಂತೆಸ್. ಹೊಟ್ಟೆಗೆ ಪೆಟ್ಟು ತಗುಲಿ ಕುಸಿದ ಕವಿ, ನೆಲದಿಂದಲೇ ಗುರಿಯಿಟ್ಟು ಎದುರಾಳಿಯ ತೋಳನ್ನು ಗಾಯಗೊಳಿಸಿದ. ಎರಡು ದಿನಗಳ ತರುವಾಯ ಅವನು ತೀರಿಕೊಂಡ. ವಯಸ್ಸು 37. ದಾಂತೆಸ್ ಮುಂದೆ ಫ್ರಾನ್ಸಿನಲ್ಲಿ ಸೆನೆಟರನಾಗಿ, 1895ರವರೆಗೆ ಬದುಕಿದ.

ವಿಸ್ಮಯವೆಂದರೆ, ಇದರ ಪೊಳ್ಳುತನವನ್ನು ಪುಷ್ಕಿನ್ ಅರಿಯದವನಲ್ಲ. ಅವನ ‘ಯೆವ್ಗೆನಿ ಒನೇಗಿನ್’ ಕಾವ್ಯದ ನಾಯಕ ಲೋಕಾಪವಾದಕ್ಕೆ ಅಂಜಿಯೇ ತನ್ನ ಎಳೆಯ ಗೆಳೆಯನನ್ನು ಕೊಲ್ಲುತ್ತಾನೆ. ಕಾವ್ಯದಲ್ಲಿ ಕಂಡ ಸತ್ಯ ಬಾಳಿನಲ್ಲಿ ಕವಿಯನ್ನು ಕಾಯಲಿಲ್ಲ. ಪುಷ್ಕಿನ್ನನಿಗಾಗಿ ಶೋಕಗೀತ ಬರೆದ ಲೆರ್ಮೊಂತೊವ್ ಕೂಡ 1841ರಲ್ಲಿ, 26ರ ಹರೆಯದಲ್ಲಿ, ಇಂಥದೇ ಕಾಳಗದಲ್ಲಿ ಮಡಿದ.

ಆ ಪತ್ರಗಳನ್ನು ಬರೆದವರು ಯಾರೆಂಬುದು ಇಂದಿಗೂ ನಿರ್ವಿವಾದವಾಗಿ ತೀರ್ಮಾನವಾಗಿಲ್ಲ. ಹೆಸರನ್ನು ಹೇಳಿಕೊಳ್ಳಲೂ ಧೈರ್ಯವಿಲ್ಲದವನ ಮಾತಿಗೆ ಒಬ್ಬ ಮಹಾಕವಿಯ ಪ್ರಾಣ ತೆರಬೇಕಾಯಿತು. ನಮ್ಮ ಮಾನದ ತಕ್ಕಡಿಯನ್ನು ಪರರ ಕೈಗೆ ಒಪ್ಪಿಸುವ ಮುನ್ನ, ಆ ಕೈ ಯಾರದೆಂದಾದರೂ ನಾವು ಕೇಳಬೇಡವೇ?