ಹೊನ್ನಾವರದಿಂದ ಹೈಕೋರ್ಟಿಗೆ

(ಸಂಘದ ರಾಜ್ಯೋತ್ಸವ ಸಮಾರಂಭದಲ್ಲಿ ಮಾಡಿದ ಭಾಷಣ)



ಕಾರ್ಯದರ್ಶಿಗಳು ನನ್ನನ್ನು ನಾಲ್ಕು ಮಾತನಾಡಿ ಎಂದು ಕೇಳಿದಾಗ ನಾನು ಹಿಂದೆಮುಂದೆ ನೋಡಿದೆ. ನಾನು ಸಾಹಿತಿಯಲ್ಲ, ವಕೀಲನೂ ಅಲ್ಲ, ಬಿ.ಕಾಂ. ಓದಿ ಬ್ಯಾಂಕಿನಲ್ಲಿ ಗುಮಾಸ್ತಗಿರಿ ಮಾಡುವವನು. ಆದರೆ ದಿನವೂ ಚರ್ಚ್‌ಗೇಟಿನಲ್ಲಿ ಇಳಿದು ಓವಲ್ ಮೈದಾನವನ್ನು ದಾಟುವಾಗ ಎದುರಿಗೆ ಹೈಕೋರ್ಟಿನ ಕಲ್ಲುಕಟ್ಟಡ ಕಾಣುತ್ತದೆ. ನಮ್ಮ ತಂದೆಯವರು ಕುಮಟೆಯ ಕಡೆಯವರು. ಬಾಲ್ಯದಲ್ಲಿ ನನ್ನನ್ನು ಆ ದಾರಿಯಲ್ಲಿ ಕರೆದೊಯ್ದಾಗಲೆಲ್ಲ, “ನೋಡು, ನಮ್ಮ ಹೊನ್ನಾವರದವರೊಬ್ಬರು ಇಲ್ಲಿ ಜಡ್ಜರಾಗಿದ್ದರು” ಎನ್ನುತ್ತಿದ್ದರು. ಆ ಹೊನ್ನಾವರದವರು ಸರ್ ನಾರಾಯಣ ಗಣೇಶ ಚಂದಾವರ್ಕರರು. ಈ ದಿನ ಅವರ ವಿಷಯವನ್ನೇ ತಮ್ಮ ಮುಂದೆ ಅರಿಕೆ ಮಾಡಿಕೊಳ್ಳುತ್ತೇನೆ.

ಅವರು ಹುಟ್ಟಿದ್ದು 1855ರ ಡಿಸೆಂಬರ್ 2ರಂದು, ಹೊನ್ನಾವರದಲ್ಲಿ. ಮನೆಮಾತು ಕೊಂಕಣಿ, ನೆಲದ ಮಾತು ಕನ್ನಡ. ಆಗ ಆ ಸೀಮೆ ಮದರಾಸು ಪ್ರಾಂತಕ್ಕೆ ಸೇರಿತ್ತು. 1862ರಲ್ಲಿ ಉತ್ತರ ಕನ್ನಡ ಜಿಲ್ಲೆಯನ್ನು ಮುಂಬಯಿ ಪ್ರಾಂತಕ್ಕೆ ಸೇರಿಸಿದರು. ಅದೇ ವರ್ಷ ಆಗಸ್ಟಿನಲ್ಲಿ ಮುಂಬಯಿ ಹೈಕೋರ್ಟು ಕೆಲಸ ಆರಂಭಿಸಿತು. ಆರು ವರ್ಷದ ಹುಡುಗನಿಗೆ ಇದೆಲ್ಲ ಏನು ತಿಳಿಯಬೇಕು? ಆದರೆ ಅವನ ಜೀವನದ ದಾರಿ ಅಲ್ಲಿಯೇ ನಿಶ್ಚಯವಾಯಿತೆನ್ನಬೇಕು. ಕಾಲೇಜು, ಕಚೇರಿ, ಕೋರ್ಟು, ಎಲ್ಲಕ್ಕೂ ಕಾರವಾರ, ಕುಮಟೆ, ಹೊನ್ನಾವರಗಳ ಜನ ಅಂದಿನಿಂದ ಮುಂಬಯಿಯ ಕಡೆಗೆ ಮುಖ ಮಾಡಿದರು. ಇಂದು ಈ ಸಭಾಂಗಣದಲ್ಲಿ ಕುಳಿತಿರುವ ಅನೇಕ ಮನೆತನಗಳು ಈ ಊರಿಗೆ ಬಂದುದಕ್ಕೂ ಆ ಒಂದು ಸರಕಾರೀ ಆಜ್ಞೆಯೇ ಮೂಲ.

ಹುಡುಗ ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಓದಿದ. 1881ರಲ್ಲಿ ಕಾನೂನು ಪದವಿ ಪಡೆದ. ಅವರ ಸೋದರಮಾವಂದಿರು ಶಾಮರಾವ್ ವಿಠ್ಠಲ ಕೈಕಿಣಿಯವರು. ಅವರ ಹೆಸರಿನಲ್ಲಿಯೇ 1906ರಲ್ಲಿ ತಲ್ಮಕಿಯವರು ಒಂದು ಸಹಕಾರಿ ಬ್ಯಾಂಕನ್ನು ಕಟ್ಟಿದರು. ಬ್ಯಾಂಕಿನವನಾದ ನಾನು ಅದನ್ನು ಹೇಳದೆ ಹೋದರೆ ತಪ್ಪಾದೀತು.

ಚಂದಾವರ್ಕರರ ಸಾರ್ವಜನಿಕ ಜೀವನ ದೊಡ್ಡ ವೇದಿಕೆಯಿಂದ ಆರಂಭವಾಗಲಿಲ್ಲ. ‘ಇಂದುಪ್ರಕಾಶ’ವೆಂಬ ಪತ್ರಿಕೆಯ ಇಂಗ್ಲಿಷ್ ಭಾಗವನ್ನು ಅವರು ಸುಮಾರು ಹತ್ತು ವರ್ಷ ನೋಡಿಕೊಂಡರು. ಪ್ರಾರ್ಥನಾ ಸಮಾಜದಲ್ಲಿ ರಾನಡೆಯವರ ಜೊತೆ ದುಡಿದರು. 1885ರಲ್ಲಿ ಇಂಗ್ಲೆಂಡಿನ ಚುನಾವಣೆಯ ಮುಂಚೆ ಹಿಂದುಸ್ಥಾನದ ಅಹವಾಲನ್ನು ಅಲ್ಲಿಯ ಮತದಾರರಿಗೆ ತಿಳಿಸಲು ಮೂವರನ್ನು ಕಳುಹಿಸಿದರು. ಬಂಗಾಳದ ಮನಮೋಹನ ಘೋಷ್, ಮದರಾಸಿನ ಸೇಲಂ ರಾಮಸ್ವಾಮಿ ಮೊದಲಿಯಾರ್ ಇಬ್ಬರಾದರೆ, ಮುಂಬಯಿಯ ಪರವಾಗಿ ಹೋದವರು ಮೂವತ್ತರ ಹರೆಯದ ಈ ಹೊನ್ನಾವರದ ವಕೀಲರು. ಅದೇ ಡಿಸೆಂಬರಿನಲ್ಲಿ ಮುಂಬಯಿಯ ಗೋಕುಲದಾಸ ತೇಜಪಾಲ ಸಂಸ್ಕೃತ ಪಾಠಶಾಲೆಯಲ್ಲಿ ಕಾಂಗ್ರೆಸ್ಸಿನ ಮೊದಲ ಅಧಿವೇಶನ ನಡೆಯಿತು.

1897ರಲ್ಲಿ ಅವರು ಮುಂಬಯಿ ವಿಶ್ವವಿದ್ಯಾಲಯದ ಪ್ರತಿನಿಧಿಯಾಗಿ ಪ್ರಾಂತದ ಶಾಸನಸಭೆಯನ್ನು ಸೇರಿದರು. ಅಂದಿನ ಶಾಸನಸಭೆ ಇಂದಿನಂತಲ್ಲ. 1892ರ ಕಾಯಿದೆಯ ಪ್ರಕಾರ ಸದಸ್ಯರು ಪ್ರಶ್ನೆ ಕೇಳಬಹುದಿತ್ತು, ಆಯವ್ಯಯದ ಮೇಲೆ ಮಾತನಾಡಬಹುದಿತ್ತು, ಆದರೆ ಅದರ ಮೇಲೆ ಮತ ಹಾಕುವಂತಿರಲಿಲ್ಲ. ಲೆಕ್ಕ ನೋಡಬಹುದು, ಸಹಿ ಹಾಕುವ ಹಕ್ಕಿಲ್ಲ. ನಮ್ಮ ಗುಮಾಸ್ತರ ಸ್ಥಿತಿಯೇ ಅಂತಿಟ್ಟುಕೊಳ್ಳಿ! 1900ರ ಡಿಸೆಂಬರಿನಲ್ಲಿ ಲಾಹೋರ್ ಕಾಂಗ್ರೆಸ್ಸಿಗೆ ಅವರೇ ಅಧ್ಯಕ್ಷರು. 1901ರಲ್ಲಿ ಅವರು ಹೈಕೋರ್ಟಿನ ನ್ಯಾಯಾಧೀಶರಾದರು. ಆ ಪೀಠದಲ್ಲಿ ಹತ್ತು ವರ್ಷಕ್ಕೂ ಮೇಲ್ಪಟ್ಟು ಕುಳಿತರು. 1910ರಲ್ಲಿ ‘ಸರ್’ ಪದವಿ ಬಂತು.

ಇಷ್ಟು ಹೇಳಿ ಚಪ್ಪಾಳೆ ತಟ್ಟಿಸಿಕೊಂಡು ಕುಳಿತುಬಿಡಬಹುದಿತ್ತು. ಆದರೆ ಜಮಾ ಬದಿಯನ್ನು ಮಾತ್ರ ಓದಿ ಖರ್ಚಿನ ಬದಿಯನ್ನು ಮುಚ್ಚಿಡುವುದು ನನ್ನ ಕಸುಬಿಗೆ ಒಗ್ಗದು.

1906ರಲ್ಲಿ ವಿಠ್ಠಲ ರಾಮಜಿ ಶಿಂದೆಯವರು ಅಸ್ಪೃಶ್ಯರ ಮಕ್ಕಳ ವಿದ್ಯೆಗಾಗಿ ಈ ನಗರದಲ್ಲಿ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ನನ್ನು ಸ್ಥಾಪಿಸಿದರು. ಪರಳದಲ್ಲಿ ಶಾಲೆ ತೆರೆದರು. ಶಿಂದೆಯವರೂ ನಮ್ಮ ಜಮಖಂಡಿಯಲ್ಲಿ ಹುಟ್ಟಿದವರು. ಆ ಮಿಷನ್ನಿನ ಅಧ್ಯಕ್ಷತೆಯನ್ನು ವಹಿಸಿದವರು ಹೈಕೋರ್ಟಿನ ನ್ಯಾಯಾಧೀಶರಾದ ಚಂದಾವರ್ಕರರು. ಜಾತಿಯವರು ಬಹಿಷ್ಕಾರದ ಮಾತೆತ್ತುವ ಕಾಲದಲ್ಲಿ ಇದು ಸಣ್ಣ ಧೈರ್ಯವಲ್ಲ. ಇದನ್ನು ಜಮಾ ಬದಿಗೆ ದೊಡ್ಡ ಅಕ್ಷರದಲ್ಲಿ ಬರೆಯೋಣ.

ಇನ್ನು ಖರ್ಚು. 1909ರಲ್ಲಿ ಗಣೇಶ ದಾಮೋದರ ಸಾವರಕರರು ಪ್ರಕಟಿಸಿದ ಪದ್ಯಗಳಿಗಾಗಿ ಅವರಿಗೆ ವಿಧಿಸಿದ್ದ ಆಜೀವ ಕರಿನೀರಿನ ಶಿಕ್ಷೆಯನ್ನು ಮೇಲ್ಮನವಿಯಲ್ಲಿ ಕಾಯಂ ಮಾಡಿದ ಪೀಠದಲ್ಲಿ ಚಂದಾವರ್ಕರರಿದ್ದರು. 1910ರಲ್ಲಿ ಅವರ ತಮ್ಮ ವಿನಾಯಕ ಸಾವರಕರರನ್ನು ವಿಚಾರಿಸಿದ ಮೂವರು ನ್ಯಾಯಾಧೀಶರಲ್ಲಿಯೂ ಇವರೊಬ್ಬರು. ಅಲ್ಲಿ ಜ್ಯೂರಿಯಿರಲಿಲ್ಲ, ಮೇಲ್ಮನವಿಯೂ ಇರಲಿಲ್ಲ. ನ್ಯಾಯಾಧೀಶನು ಇದ್ದ ಕಾನೂನಿಗೆ ಬದ್ಧನೆಂದು ಇದಕ್ಕೆ ಸಮಾಧಾನ ಹೇಳಬಹುದು. ಆದರೆ 1918ರಲ್ಲಿ ಅವರು ಪೀಠದ ಮೇಲೆ ಇರಲಿಲ್ಲ. ಬಂಗಾಳದಲ್ಲಿ ಬಹಿರಂಗ ವಿಚಾರಣೆಯಿಲ್ಲದೆ ಬಂಧನದಲ್ಲಿಟ್ಟವರ ಕಡತಗಳನ್ನು ಪರಿಶೀಲಿಸಲು ಸರಕಾರವು ನ್ಯಾಯಮೂರ್ತಿ ಬೀಚ್‌ಕ್ರಾಫ್ಟರನ್ನೂ ಇವರನ್ನೂ ನೇಮಿಸಿತು. ನೋಡಿದ ಪ್ರಕರಣಗಳು 806. ಬಿಡುಗಡೆಗೆ ಶಿಫಾರಸು ಮಾಡಿದ್ದು ಆರು ಜನರನ್ನು.

ಈ ಎರಡು ಅಂಕಿಗಳನ್ನು ಮೊದಲು ಓದಿದಾಗ ನನಗೆ ನನ್ನದೇ ಒಂದು ದಿನ ನೆನಪಾಯಿತು. ಕೆಲಸಕ್ಕೆ ಸೇರಿದ ಹೊಸತರಲ್ಲಿ ಒಂದು ಶಾಖೆಯಲ್ಲಿ ಸಂಜೆ ನಗದಿನಲ್ಲಿ ಎರಡು ಸಾವಿರ ರೂಪಾಯಿ ಕಡಿಮೆ ಬಂತು. ಮೇಲಿನವರು ನನ್ನ ಹೆಸರನ್ನು ಬರೆದು ಕಾಗದ ಸಿದ್ಧಪಡಿಸಿಬಿಟ್ಟರು. ನನ್ನ ಮಾತು ಏನೆಂದು ಯಾರೂ ಕೇಳಲಿಲ್ಲ. ಆ ರಾತ್ರಿ ಮನೆಯಲ್ಲಿ ಅನ್ನ ಇಳಿಯಲಿಲ್ಲ. ಮರುದಿನ ಬೇರೆ ಮುಖ್ಯಸ್ಥರೊಬ್ಬರು ಬಂದು, “ನೀವೇನು ಹೇಳುತ್ತೀರಿ?” ಎಂದು ಕೇಳಿದರು. ಮೂರು ಶಬ್ದ. ಹಿಂದಿನ ದಿನದ ಕಟ್ಟುಗಳನ್ನು ಒಟ್ಟಿಗೆ ಕುಳಿತು ಬಿಚ್ಚಿ ಎಣಿಸಿದೆವು. ಒಂದು ಕಟ್ಟಿನಲ್ಲಿ ನಾಲ್ಕು ಐನೂರರ ನೋಟು ಹೆಚ್ಚಾಗಿದ್ದವು. ಬ್ಯಾಂಕಿನಲ್ಲಿ ಓಚರು ಬರೆದ ಕೈಯೇ ಅದನ್ನು ಮಂಜೂರು ಮಾಡಬಾರದೆಂಬ ನಿಯಮವಿದೆ. ಅದರ ಅರ್ಥ ಅಂದು ನನಗೆ ಮನದಟ್ಟಾಯಿತು. ಪೋಲೀಸರು ಬರೆದ ಕಡತವನ್ನೇ ಓದಿ ಆರೋಪಿಯ ಎದುರುಸವಾಲಿಲ್ಲದೆ ತೀರ್ಮಾನ ಹೇಳಿದರೆ, ಓದುವವರು ಎಷ್ಟು ದೊಡ್ಡ ನ್ಯಾಯಾಧೀಶರಾದರೂ ಅದು ಒಂದೇ ಕೈಯ ಓಚರಾಗುತ್ತದೆ.

ಹಾಗಾದರೆ ಅವರನ್ನು ಮರೆಯೋಣವೆ? ಖಂಡಿತ ಬೇಡ. 1921ರಲ್ಲಿ ಹೊಸ ಸುಧಾರಣೆಯ ಮುಂಬಯಿ ಶಾಸನಸಭೆಗೆ ಅವರು ಮೊದಲ ಅಧ್ಯಕ್ಷರಾದರು. ಪ್ರಶ್ನೆ ಕೇಳುವವರ ಸಾಲಿನಿಂದ ತೀರ್ಪು ಹೇಳುವ ಪೀಠಕ್ಕೆ, ಅಲ್ಲಿಂದ ಮತ್ತೆ ಸಭೆಯನ್ನು ನಡೆಸುವ ಕುರ್ಚಿಗೆ. ಒಂದೇ ಜೀವಮಾನದಲ್ಲಿ ಇಂತಹ ಪ್ರಯಾಣ ಎಲ್ಲರಿಗೂ ಸಿಗದು. ಆ ಸ್ಥಾನದಲ್ಲಿರುವಾಗಲೇ, 1923ರ ಮೇ ತಿಂಗಳಲ್ಲಿ, ಬೆಂಗಳೂರಿನಲ್ಲಿ ತೀರಿಕೊಂಡರು. 1956ರ ನವೆಂಬರ್ 1ರಂದು ಅವರ ಹುಟ್ಟೂರು ಮುಂಬಯಿಯನ್ನು ಬಿಟ್ಟು ಮೈಸೂರು ರಾಜ್ಯವನ್ನು ಸೇರಿತು. ಅದೇ ದಿನವನ್ನು ನಾವು ಈ ಸಂಜೆ ಆಚರಿಸುತ್ತಿದ್ದೇವೆ. ಊರು ಹೋಯಿತು, ನಾವು ಇಲ್ಲಿ ಉಳಿದೆವು.

ಉಳಿದ ನಾವು ಮಾಡಬೇಕಾದ್ದೇನು? ಚಂದಾವರ್ಕರರು ಈ ಊರನ್ನು ಸಂಬಳ ಸಿಗುವ ಜಾಗವೆಂದಷ್ಟೇ ತಿಳಿಯಲಿಲ್ಲ. ಪತ್ರಿಕೆ, ಸಮಾಜ, ಶಾಲೆ, ವಿಶ್ವವಿದ್ಯಾಲಯ, ಎಲ್ಲದರಲ್ಲಿಯೂ ಹೆಗಲು ಕೊಟ್ಟರು. ವಿಶ್ವವಿದ್ಯಾಲಯದ ಕುಲಪತಿಗಳೂ ಆದರು. ನಾವಾದರೋ ನಮ್ಮ ಕಟ್ಟಡದ ಸೊಸೈಟಿಯ ವಾರ್ಷಿಕ ಸಭೆಗೂ ಹೋಗುವುದಿಲ್ಲ. ನಗರಸಭೆಯ ಚುನಾವಣೆಯ ದಿನ ರಜೆಯೆಂದು ಲೋಣಾವಳೆಗೆ ಹೊರಡುತ್ತೇವೆ. ಆಮೇಲೆ “ಇಲ್ಲಿ ನಮ್ಮ ಮಾತು ಕೇಳುವವರಿಲ್ಲ” ಎಂದು ದೂರುತ್ತೇವೆ. ಸೊಸೈಟಿಯ ಸಭೆಗೆ ಹೋಗಿ. ಅಲ್ಲಿ ಯಾರ ಮೇಲಾದರೂ ದೂರು ಬಂದರೆ ಕೈಯೆತ್ತುವ ಮೊದಲು ಆತನ ಮಾತನ್ನೂ ಕೇಳಿ. ದೊಡ್ಡವರು 806 ಸಲ ಸಾಕಷ್ಟು ಕೇಳದೆ ಬಿಟ್ಟದ್ದನ್ನು ನಾವು ಒಂದು ಸಲ ಕೇಳಿದರೂ ಆಯಿತು.

ನಮ್ಮ ತಂದೆಯವರು ನನಗೆ ಹೈಕೋರ್ಟನ್ನು ತೋರಿಸಿದರು. ನಾನು ನನ್ನ ಮಗಳಿಗೆ ಅದನ್ನೇ ತೋರಿಸುತ್ತೇನೆ; ಆದರೆ ಎರಡೂ ಬದಿಯನ್ನು ಓದಿ ಹೇಳುತ್ತೇನೆ. ಹೊತ್ತು ಮೀರಿತು, ನಾಟಕದವರು ಬಣ್ಣ ಹಚ್ಚಿಕೊಂಡು ಕಾದಿದ್ದಾರೆ.