ಮ್ಯಾಪಲ್ಲಿ ಸಿಕ್ಕಿಕೊಂಡ ಊರುಗಳು: ಪಾವಗಡ–ಮಡಕಶಿರಾ ಗಡಿಯ ಕಥೆ

ಇವತ್ತು ಮೊದಲು ನಿಮಗೊಂದು ಸಣ್ಣ ಕೆಲಸ. ಕೇಳ್ತಾನೇ ಮೊಬೈಲಲ್ಲಿ ಮ್ಯಾಪ್ ತೆಗೀರಿ, ಪಾವಗಡ ಅಂತ ಹುಡುಕಿ. ಸಿಕ್ತಾ? ಈಗ ಸ್ವಲ್ಪ ಝೂಮ್ ಔಟ್ ಮಾಡಿ.

ಪಾವಗಡ ಕರ್ನಾಟಕದ ತಾಲ್ಲೂಕು, ತುಮಕೂರು ಜಿಲ್ಲೆಗೆ ಸೇರಿದ್ದು. ಆದ್ರೆ ಅದರ ಸುತ್ತ ಮೂರು ಕಡೆ ಆಂಧ್ರ. ಕರ್ನಾಟಕಕ್ಕೆ ಅಂಟಿಕೊಂಡಿರೋದು ಪಶ್ಚಿಮದಲ್ಲಿ, ಅದೂ ಚಿತ್ರದುರ್ಗ ಜಿಲ್ಲೆಯ ಕಡೆಗೆ. ತನ್ನದೇ ಜಿಲ್ಲೆಯ ಬೇರೆ ತಾಲ್ಲೂಕುಗಳಿಗೂ ಪಾವಗಡಕ್ಕೂ ಮಧ್ಯೆ ಬರೋದು ಆಂಧ್ರದ ಮಡಕಶಿರಾ. ಆ ಮಡಕಶಿರಾ ನೋಡಿದ್ರೆ ಅದರದ್ದು ಉಲ್ಟಾ ಕಥೆ: ಅದು ಕರ್ನಾಟಕದ ಒಳಗೆ ಚಾಚಿಕೊಂಡಿದೆ. ಇದು ಹೀಗ್ಯಾಕಾಯ್ತು?

ಭಾಷೆ ನೋಡಿ ಗೆರೆ ಎಳೆದಿದ್ದಾರೆ ಅಂತ ನಾವು ಅಂದ್ಕೋತೀವಿ. ಆದ್ರೆ ಇಲ್ಲಿನ ಗೆರೆ ಭಾಷಾವಾರು ರಾಜ್ಯಗಳಿಗಿಂತ ಹಳೇದು. 1799ರಲ್ಲಿ ಟಿಪ್ಪು ಸುಲ್ತಾನ್ ಸತ್ತ ಮೇಲೆ ಮೈಸೂರು ರಾಜ್ಯ ಹಂಚಿಹೋಯ್ತು. ನಿಜಾಮ ತನಗೆ ಸಿಕ್ಕ ಸೀಮೆಯನ್ನ 1800ರಲ್ಲಿ ಈಸ್ಟ್ ಇಂಡಿಯಾ ಕಂಪನಿಗೆ ಬಿಟ್ಟುಕೊಟ್ಟ. ಇವತ್ತು ರಾಯಲಸೀಮೆ ಅಂತೀವಲ್ಲ, ಅದರ ಬಹುಭಾಗ ಆಗ ಬಿಟ್ಟುಕೊಟ್ಟದ್ದೇ. ಪಾವಗಡ ಮೈಸೂರು ಒಡೆಯರ ಕಡೆ ಉಳೀತು, ಮಡಕಶಿರಾ ಮದ್ರಾಸ್ ಪ್ರಾಂತ್ಯಕ್ಕೆ ಹೋಯ್ತು. 1953ರಲ್ಲಿ ಆಂಧ್ರ ರಾಜ್ಯ ಹುಟ್ಟಿದಾಗ ಬಳ್ಳಾರಿ ಜಿಲ್ಲೆ ಒಡೆದು ಹಂಚಿದ್ರು. ಆದ್ರೆ ಇಲ್ಲಿ ಹಳೇ ಗೆರೆ ಹಾಗೇ ಉಳೀತು.

ಈಗ ಇನ್ನೂ ಹಿಂದಕ್ಕೆ ಹೋಗೋಣ. ಮ್ಯಾಪಲ್ಲಿ ಹೇಮಾವತಿ ಅಂತ ಹುಡುಕಿ. ನದಿ ಅಲ್ಲ, ಊರು! ಆಂಧ್ರದ ಅಮರಾಪುರಂ ಮಂಡಲದಲ್ಲಿದೆ, ಕರ್ನಾಟಕದ ಗಡಿ ಪಕ್ಕದಲ್ಲೇ. ಇದರ ಹಳೇ ಹೆಸರು ಹೆಂಜೇರು, ನೊಳಂಬರ ರಾಜಧಾನಿ. ಅವರ ಸೀಮೆಗೆ ನೊಳಂಬವಾಡಿ ಅಂತ ಹೆಸರು. ತುಮಕೂರು ಕಡೆಯವರಾದ್ರೆ ನೊಣಬರು ಅನ್ನೋ ಹೆಸರು ಕೇಳಿರ್ತೀರಿ, ಅದು ಇಲ್ಲಿಂದಲೇ ಬಂದದ್ದು ಅಂತಾರೆ. ಗಂಗರ ಮಾರಸಿಂಹ ‘ನೊಳಂಬಕುಲಾಂತಕ’ ಅಂತ ಬಿರುದು ಇಟ್ಕೊಂಡಿದ್ದ. ಅಂದ್ರೆ ನೊಳಂಬರ ಕುಲವನ್ನೇ ಮುಗಿಸಿದವನು ಅಂತ. ಸೋಲಿಸಿದ್ದಕ್ಕೆ ಬಿರುದು ಕಟ್ಟಿಕೊಳ್ಳೋವಷ್ಟು ದೊಡ್ಡ ಎದುರಾಳಿಗಳಾಗಿದ್ರು ಅನ್ನಿ.

ಹೇಮಾವತಿಯಲ್ಲಿ ಇವತ್ತೂ ದೊಡ್ಡೇಶ್ವರ ದೇವಸ್ಥಾನ ಇದೆ, ಕಲ್ಲಲ್ಲೇ ಕೊರೆದ ಜಾಲಂಧ್ರಗಳಿವೆ. ಪಕ್ಕದ ಸಿದ್ಧೇಶ್ವರ ಗುಡಿಯಲ್ಲಿ ಶಿವ ಲಿಂಗರೂಪದಲ್ಲಿಲ್ಲ, ಮನುಷ್ಯರೂಪದಲ್ಲಿ ಕೂತಿದ್ದಾನೆ. ನೊಳಂಬರ ಶಾಸನಗಳಲ್ಲಿ ಬಹಳಷ್ಟು ಕನ್ನಡದವು. ಇಲ್ಲಿನ ಕೆಲವು ಶಿಲ್ಪಗಳು ಈಗ ಚೆನ್ನೈ ಮ್ಯೂಸಿಯಮ್ಮಲ್ಲಿವೆ, ಮದ್ರಾಸ್ ಪ್ರಾಂತ್ಯದ ನೆನಪಿನ ಹಾಗೆ. ಒಂದೇ ಊರಿನ ಚರಿತ್ರೆ ಓದೋಕೆ ಮೂರು ರಾಜ್ಯ ಸುತ್ತಬೇಕು!

ನದಿಗಂತೂ ಈ ಗೆರೆ ಲೆಕ್ಕಕ್ಕೇ ಇಲ್ಲ. ಉತ್ತರ ಪಿನಾಕಿನಿ ನಂದಿ ಬೆಟ್ಟದ ಸೀಮೆಯಲ್ಲಿ ಹುಟ್ಟಿ, ಗೌರಿಬಿದನೂರು ದಾಟಿ ಹಿಂದೂಪುರದ ಕಡೆ ಆಂಧ್ರಕ್ಕೆ ಹೋಗತ್ತೆ. ಆಮೇಲೆ ಪಾವಗಡ ತಾಲ್ಲೂಕಿನ ನಾಗಲಮಡಿಕೆ ಹತ್ರ ಕರ್ನಾಟಕಕ್ಕೆ ಮತ್ತೆ ಬಂದು, ತಿರುಗಿ ಆಂಧ್ರಕ್ಕೆ ಹೋಗಿಬಿಡತ್ತೆ. ಹೋಗತ್ತೆ ಅಂದೆ, ಆದ್ರೆ ವರ್ಷದ ಬಹುಪಾಲು ಅಲ್ಲಿ ಕಾಣೋದು ಮರಳು. ಇದು ಬರದ ಸೀಮೆ. ಮಳೆ ನಂಬಿ ಕಡಲೆಕಾಯಿ ಹಾಕೋರು. ಬೋರ್‌ವೆಲ್ ಆಳಕ್ಕೆ ಹೋದ ಹಾಗೆ ನೀರಲ್ಲಿ ಫ್ಲೋರೈಡ್ ಬಂತು, ಹಲ್ಲು ಹಳದಿ ಆಯ್ತು, ಕೀಲು ಹಿಡೀತು. ಓದಿದ ಹುಡುಗರು ಬೆಂಗಳೂರು ಬಸ್ ಹತ್ತಿದ್ರು.

ಈಗ ತಿರುಮಣಿ ಕಡೆ ಹೋದ್ರೆ ಕಣ್ಣಿಗೆ ಕಾಣೋಷ್ಟು ದೂರವೂ ಸೋಲಾರ್ ಪ್ಯಾನೆಲ್. ಸುಮಾರು 13,000 ಎಕರೆ, 2,050 ಮೆಗಾವ್ಯಾಟ್. ಇಲ್ಲಿ ಜಮೀನು ಕೊಂಡುಕೊಳ್ಳಲಿಲ್ಲ, ಗುತ್ತಿಗೆಗೆ ತಗೊಂಡ್ರು. ಶುರುವಲ್ಲಿ ಎಕರೆಗೆ ವರ್ಷಕ್ಕೆ 21,000 ರೂಪಾಯಿ, ಎರಡು ವರ್ಷಕ್ಕೊಮ್ಮೆ ಶೇ 5 ಏರಿಕೆ. ಹತ್ತು ಎಕರೆ ಇದ್ದವನಿಗೆ ಮಳೆ ಬರಲಿ ಬಿಡಲಿ, ಎರಡು ಲಕ್ಷದ ಮೇಲೆ ಗ್ಯಾರಂಟಿ. ಆದ್ರೆ ಜಮೀನೇ ಇಲ್ಲದವನಿಗೆ? ಕಳೆ ಕೀಳೋ ಕೂಲಿ, ಕಡಲೆಕಾಯಿ ಬಿಡಿಸೋ ಕೂಲಿ ಹೋಯ್ತು. ಕುರಿ ಮೇಯಿಸೋ ಬಯಲಿಗೆ ಬೇಲಿ ಬಿತ್ತು. ಪ್ಯಾನೆಲ್ ತೊಳೆಯೋಕೆ, ಕಾವಲಿಗೆ ಎಷ್ಟು ಜನ ಬೇಕು ಹೇಳಿ? ಬಿಸಿಲು ಎಲ್ಲರ ಮೇಲೂ ಬೀಳತ್ತೆ, ಬಾಡಿಗೆ ಮಾತ್ರ ಪಹಣಿಯಲ್ಲಿ ಹೆಸರಿದ್ದವರಿಗೆ.

ಗಡಿಯ ಆಚೆ ಇನ್ನೊಂದು ಪ್ರಶ್ನೆ. ಮಡಕಶಿರಾ ಕಡೆ ಕನ್ನಡ ಶಾಲೆಗಳಿವೆ, ಮನೆಮಾತು ಕನ್ನಡ ಆಗಿರೋ ಮಕ್ಕಳಿದ್ದಾರೆ. 2022ರಿಂದ ಇವರ ಜಿಲ್ಲಾ ಕೇಂದ್ರ ಪುಟ್ಟಪರ್ತಿ, ಕಚೇರಿ ಭಾಷೆ ತೆಲುಗು. ಈಚೆ ಪಾವಗಡದಲ್ಲಿ ಮನೇಲಿ ತೆಲುಗು ಆಡಿ ಶಾಲೇಲಿ ಕನ್ನಡ ಬರೆಯೋ ಮಕ್ಕಳು. ಸಂತೇಲಿ, ಮದುವೇಲಿ, ಜಾತ್ರೇಲಿ ಎರಡೂ ಭಾಷೆ ಸಲೀಸು. ಕಷ್ಟ ಶುರುವಾಗೋದು ಅರ್ಜಿ ತುಂಬುವಾಗ, ‘ಸ್ವಂತ ರಾಜ್ಯ’ ಅನ್ನೋ ಕಾಲಮ್ಮಿನ ಮುಂದೆ.

ಶನಿಮಹಾತ್ಮನ ಗುಡಿಗೆ ಅಂತ ಪಾವಗಡಕ್ಕೆ ಹೋಗೋರು ತುಂಬಾ ಜನ. ಮುಂದಿನ ಸಲ ಹೋದ್ರೆ ಅರ್ಧ ದಿನ ಜಾಸ್ತಿ ಇಟ್ಕೊಳ್ಳಿ. ಕೋಟೆ ಹತ್ತಿ, ನಿಡಗಲ್ಲು ಬೆಟ್ಟ ನೋಡಿ, ಹೇಮಾವತಿಗೂ ಹೋಗಿ ಬನ್ನಿ. ನೀರಿನ ಬಾಟಲಿ ಮರೀಬೇಡಿ. ನಿಮ್ಮೂರು ಗಡಿಯಲ್ಲಿದ್ರೆ ಅಲ್ಲಿನ ಕಥೆ ನಮಗೆ ಬರೆದು ಕಳಿಸಿ. ಮತ್ತೆ ಸಿಗೋಣ.