ಕಣದ ಮೇಲಿನ ಶಿಲುಬೆ



ಕನ್ನಡ ಕ್ರೈಸ್ತರ ಈ ಸಮ್ಮೇಳನದ ಅಧ್ಯಕ್ಷತೆಯ ಗೌರವವನ್ನು ನನಗೆ ಮೊದಲ ಜಪ ಕಲಿಸಿದ ನನ್ನಜ್ಜಿಯ ಪರವಾಗಿ ಸ್ವೀಕರಿಸುತ್ತೇನೆ. ನನ್ನ ಮಾತನ್ನೂ ಅವಳ ಕಣದಿಂದಲೇ ಶುರುಮಾಡುತ್ತೇನೆ.

ಸುಗ್ಗಿಯ ದಿನಗಳು. ರಾಗಿ ತೆನೆಯ ಮೇಲೆ ರೋಣಗಲ್ಲು ಹೊಡೆದು, ಹುಲ್ಲು ಬೇರೆ ಮಾಡಿ, ಗಾಳಿ ಎದ್ದ ಹೊತ್ತಿಗೆ ತೂರಿ, ಸಂಜೆಗೆ ಕಾಳನ್ನು ರಾಶಿ ಹಾಕುತ್ತಿದ್ದರು. ಅಕ್ಕಪಕ್ಕದ ಕಣಗಳಲ್ಲಿ ಸಗಣಿಯ ಬೆನಕನಿಗೆ ಗರಿಕೆ ಸಿಕ್ಕಿಸಿ ರಾಶಿಯ ನೆತ್ತಿಯ ಮೇಲೆ ಕೂರಿಸುವರು. ನಮ್ಮಜ್ಜಿ ಎರಡು ಉತ್ತರಾಣಿ ಕಡ್ಡಿ ಮುರಿದು, ರಾಗಿ ಹುಲ್ಲಿನ ಎಳೆಯಲ್ಲಿ ಅಡ್ಡಕ್ಕೆ ಕಟ್ಟಿ, ಆ ಶಿಲುಬೆಯನ್ನು ರಾಶಿಯ ನೆತ್ತಿಗೆ ಚುಚ್ಚುವಳು. ಸುತ್ತ ಬೂದಿಯ ಗೆರೆ, ನಾಲ್ಕು ತುಂಬೆ ಹೂ. ಅಳೆದು ಮುಗಿಯುವ ತನಕ ಕಣದಲ್ಲಿ ಯಾರೂ ತುಟಿ ಪಿಟಕ್ಕೆನ್ನುವಂತಿಲ್ಲ. ಮೊದಲ ಕೊಳಗಕ್ಕೆ 'ಒಂದು' ಅನ್ನುವುದಿಲ್ಲ, 'ಲಾಭ' ಅನ್ನುತ್ತಾರೆ. ಆ ಲಾಭದ ಕೊಳಗ ಚರ್ಚಿಗೆ.

ಒಂದು ವರ್ಷ ಹೊಸದಾಗಿ ಬಂದಿದ್ದ ಗುರುಗಳೊಬ್ಬರು ಅದನ್ನು ನೋಡಿ ಬೇಸರಪಟ್ಟುಕೊಂಡರು. ಇದೆಲ್ಲ ಮೂಢನಂಬಿಕೆ, ಕ್ರೈಸ್ತರು ಮಾಡಬಾರದು ಎಂದರು. ಅಜ್ಜಿ ಸೆರಗು ಸರಿಮಾಡಿಕೊಂಡು, "ಸ್ವಾಮೀ, ರಾಗಿ ಕೊಟ್ಟೋನು ಅವನೇ ಅಲ್ವಾ? ಅವನು ಕಣಕ್ಕೆ ಬರ್ದೆ ಇನ್ಯಾರು ಬರ್ತಾರೆ?" ಎಂದಳು. ಗುರುಗಳು ಸುಮ್ಮನಾದರು. ನನಗಾಗ ಎಂಟೋ ಒಂಬತ್ತೋ ವರ್ಷ. ಆಮೇಲೆ ಈ ವಿಷಯದ ಮೇಲೆ ಎಷ್ಟೋ ಪುಸ್ತಕ ಓದಿದ್ದೇನೆ. ಅಜ್ಜಿಯ ಆ ಎರಡು ಮಾತಿನಷ್ಟು ನೇರವಾದ ಉತ್ತರ ನನಗೆ ಇನ್ನೂ ಸಿಕ್ಕಿಲ್ಲ.

ಕ್ರೈಸ್ತ ನಂಬಿಕೆ ಈ ನೆಲದಲ್ಲಿ ಬೇರು ಬಿಟ್ಟಿತೇ ಎಂದು ಕೇಳುವವರಿಗೆ ನಾನು ಮೊದಲು ನಮ್ಮ ಮಾತನ್ನು ಕೇಳಿಸಿಕೊಳ್ಳಿ ಎನ್ನುತ್ತೇನೆ. ಕಥೋಲಿಕರು 'ಬಲಿಪೂಜೆ' ಎನ್ನುತ್ತೇವೆ, 'ಜ್ಞಾನಸ್ನಾನ' ಎನ್ನುತ್ತೇವೆ, ಪಾಸ್ಕ ಅಂದರೆ ಈಸ್ಟರ್ ಹಬ್ಬಕ್ಕೆ ಮುಂಚಿನ ನಲವತ್ತು ದಿನಗಳನ್ನು 'ತಪಸ್ಸುಕಾಲ' ಎನ್ನುತ್ತೇವೆ. ಪ್ರೊಟೆಸ್ಟೆಂಟ್ ಬಂಧುಗಳು 'ದೀಕ್ಷಾಸ್ನಾನ' ಎನ್ನುತ್ತಾರೆ. ಬಲಿ, ಪೂಜೆ, ಜ್ಞಾನ, ತಪಸ್ಸು, ದೀಕ್ಷೆ. ಇವುಗಳಲ್ಲಿ ಒಂದಾದರೂ ಹಡಗಿನಲ್ಲಿ ಬಂದ ಮಾತೇ? ಜೈನರ ಬಸದಿಯಲ್ಲಿ, ಶರಣರ ಮಠದಲ್ಲಿ, ಊರಮ್ಮನ ಗುಡಿಯ ಮುಂದೆ ನೂರಾರು ವರ್ಷ ಬಾಳಿದ ಮಾತುಗಳಿವು. ಪರಸ್ಥಳದಿಂದ ಬಂದ ಸುವಾರ್ತೆ ಈ ಮಾತುಗಳ ಮನೆಯಲ್ಲಿ ಇಳಿದುಕೊಂಡಿತು. ಮನೆಯವರ ರೀತಿನೀತಿ ಅದಕ್ಕೂ ಹತ್ತಿತು.

ಮಾತಿನ ಮನೆ ಹೊಕ್ಕವರಲ್ಲಿ ನಾನು ಮೊದಲು ನೆನೆಯಬೇಕಾದವನು ಥಾಮಸ್ ಸ್ಟೀಫನ್ಸ್. 1579ರಲ್ಲಿ ಗೋವೆಗೆ ಬಂದ ಈ ಇಂಗ್ಲಿಷ್ ಜೆಸುಯಿಟ್ ಪಾದ್ರಿ ಸಾಸಷ್ಟಿಯ ಹಳ್ಳಿಗಳಲ್ಲಿ ಜನರ ಮಾತು ಕಲಿತು, 1616ರಲ್ಲಿ 'ಕ್ರಿಸ್ತಪುರಾಣ' ಅಚ್ಚು ಹಾಕಿಸಿದ. ಭಾಷೆ ಕೊಂಕಣಿ ಬೆರೆತ ಮರಾಠಿ, ಛಂದಸ್ಸು ಸಂತರು ಹಾಡಿದ ಓವಿ. ಪುರಾಣ ಕೇಳಿ ಬೆಳೆದ ಜನಕ್ಕೆ ಪುರಾಣವನ್ನೇ ಕೊಟ್ಟ. ಅವನು ಬರೆದ ಕೊಂಕಣಿ ವ್ಯಾಕರಣ ಅವನು ತೀರಿಕೊಂಡ ಮೇಲೆ 1640ರಲ್ಲಿ ಅಚ್ಚಾಯಿತು. ಅದೇ ಗೋವೆಯಲ್ಲಿ 1684ರಲ್ಲಿ ಪೋರ್ಚುಗೀಸ್ ವೈಸರಾಯ್ ಅಪ್ಪಣೆ ಹೊರಡಿಸಿದ: ಮೂರು ವರ್ಷದೊಳಗೆ ಕೊಂಕಣಿ ಬಿಟ್ಟು ಪೋರ್ಚುಗೀಸ್ ಆಡಬೇಕು. 1736ರಲ್ಲಿ ಚರ್ಚಿನ ಧರ್ಮವಿಚಾರಣಾ ಮಂಡಳಿಯಾದ ಇನ್‌ಕ್ವಿಸಿಷನ್ನಿನವರು ಮದುವೆ ಮುಂಜಿ, ಊಟ ಉಡಿಗೆಗಳ ದೇಶೀ ಪದ್ಧತಿಗಳ ಮೇಲೆ ಉದ್ದನೆಯ ನಿಷೇಧಪಟ್ಟಿ ಹೊರಡಿಸಿದರು. ಒಬ್ಬ ಪಾದ್ರಿ ಮೊಣಕಾಲೂರಿ ಕಲಿತ ಮಾತನ್ನು ಅವನದೇ ಧರ್ಮದವರು ಕಿತ್ತೆಸೆಯಲು ಹೊರಟರು. ನಮ್ಮ ಚರಿತ್ರೆಯ ಈ ಪುಟವನ್ನು ನಾವು ಮುಚ್ಚಿಡಬಾರದು. ಮುಚ್ಚಿಟ್ಟರೆ ಸ್ಟೀಫನ್ಸನಿಗೂ ಅನ್ಯಾಯವಾಗುತ್ತದೆ, ಅಪ್ಪಣೆಯ ಕೆಳಗೆ ನರಳಿದ ಜನಕ್ಕೂ ಅನ್ಯಾಯವಾಗುತ್ತದೆ.

ಹಾಗಿದ್ದೂ ಗೆದ್ದವರು ಯಾರು? ಸೆಪ್ಟೆಂಬರ್ 8ರಂದು ಮಂಗಳೂರು, ಉಡುಪಿ ಕಡೆಯ ಒಂದು ಕಥೋಲಿಕ ಮನೆಗೆ ಹೋಗಿ ನೋಡಿ. ಗೋವೆಯಿಂದ ಕೆನರಾಕ್ಕೆ ಬಂದು ನೆಲೆಸಿದವರ ಮೊಮ್ಮಕ್ಕಳ ಮರಿಮಕ್ಕಳು ಅವರು. ಅಂದು ಮೊಂತಿ ಹಬ್ಬ, ಮರಿಯಮ್ಮನವರು ಹುಟ್ಟಿದ ದಿನ. ಒಂಬತ್ತು ದಿನ ಮಕ್ಕಳು ಬೇಲಿ, ಗುಡ್ಡ ಸುತ್ತಿ ಹೂ ಕೊಯ್ದು ತಂದು ಮಾತೆಯ ಪಾದಕ್ಕೆ ಸುರಿದಿರುತ್ತಾರೆ. ಗುರುಗಳು ಆಶೀರ್ವದಿಸಿ ಕೊಟ್ಟ ಹೊಸ ಭತ್ತದ ತೆನೆ ಮನೆಗೆ ಬರುತ್ತದೆ. ಹಿರಿಯರು ಆ ಕಾಳು ಸುಲಿದು, ಪುಡಿಮಾಡಿ, ಹಾಲಿಗೋ ಪಾಯಸಕ್ಕೋ ಬೆರೆಸಿ ಎಲ್ಲರಿಗೂ ಹಂಚುತ್ತಾರೆ. ಅದು 'ನೊವೆಂ', ಹೊಸತು. ದೂರದ ಊರಿನಲ್ಲಿರುವ ಮಗನಿಗೆ ಲಕೋಟೆಯಲ್ಲಿ ನಾಲ್ಕು ಕಾಳು ಕಳಿಸುವ ತಾಯಂದಿರನ್ನು ನಾನು ಬಲ್ಲೆ. ಆಮೇಲೆ ಬಾಳೆ ಎಲೆಯ ಊಟ. ಮೀನು ಮಾಂಸ ಇಲ್ಲ, ಪಲ್ಯಗಳ ಲೆಕ್ಕ ಬೆಸವೇ ಆಗಬೇಕು. ನೆರೆಮನೆಯ ತುಳುವರು ತೆನೆ ಕಟ್ಟಿ ಹೊಸಕ್ಕಿ ಊಟ ಮಾಡುವುದೂ ಇದೇ ಗದ್ದೆಯ ಇದೇ ಭತ್ತದ ಕೃತಜ್ಞತೆಯಲ್ಲಿ. ವೈಸರಾಯನ ಅಪ್ಪಣೆ ಇಂದು ದಾಖಲೆಯ ಕಪಾಟಿನಲ್ಲಿದೆ. ನೊವೆಂ ಊಟದೆಲೆಯ ಮೇಲಿದೆ.

ಇತ್ತ ಬಯಲುಸೀಮೆಗೆ ಬರೋಣ. 17ನೇ ಶತಮಾನದ ನಡುವಿನಲ್ಲಿ ಇಟಲಿಯ ಜೆಸುಯಿಟ್ ಪಾದ್ರಿ ಲಿಯೊನಾರ್ಡೊ ಚಿನ್ನಾಮಿ ಕಾವಿ ಉಟ್ಟು ಶ್ರೀರಂಗಪಟ್ಟಣಕ್ಕೆ ಬಂದು ಕನ್ನಡದಲ್ಲಿ ಧರ್ಮೋಪದೇಶ ಬರೆದದ್ದು ನಿಮಗೆ ಗೊತ್ತು. ಅವನಿಗೆ ದಾರಿ ತೋರಿದ್ದು 1606ರಲ್ಲಿ ಮಧುರೆಗೆ ಬಂದು ಸಂನ್ಯಾಸಿಯಂತೆ ಬಾಳಿದ ರಾಬರ್ಟೊ ಡಿ ನೊಬಿಲಿ. ನನ್ನ ಮನಸ್ಸನ್ನು ಹೆಚ್ಚು ಕಾಡುವವರು ಮಾತ್ರ ಅಬ್ಬೆ ದ್ಯುಬುವಾ, ಜನ 'ದೊಡ್ಡ ಸ್ವಾಮಿಯವರು' ಎಂದು ಕರೆದ ಫ್ರೆಂಚ್ ಗುರು. 1799ರಲ್ಲಿ ಟಿಪ್ಪು ಬಿದ್ದ ಮೇಲೆ ಚದುರಿಹೋಗಿದ್ದ ಕ್ರೈಸ್ತರನ್ನು ಕೂಡಿಸಲು ಶ್ರೀರಂಗಪಟ್ಟಣಕ್ಕೆ ಬಂದರು. ಜನರ ಉಡುಪು ಉಟ್ಟರು, ಜನರ ಅನ್ನ ಉಂಡರು, ಸಿಡುಬಿಗೆ ದೇವಿ ಹಾಕಿಸಲು ಓಡಾಡಿದರು. ಹಾಸನ ಸೀಮೆಯ ಸಾತಳ್ಳಿಯಲ್ಲಿ ಬಡವರಿಗೆ ಬೇಸಾಯದ ನೆಲೆ ಮಾಡಿಕೊಟ್ಟರು. 1823ರಲ್ಲಿ ಫ್ರಾನ್ಸಿಗೆ ಹಿಂತಿರುಗುವ ಹೊತ್ತಿಗೆ ಅವರ ಮನಸ್ಸು ಮುರಿದಿತ್ತು. ಈ ದೇಶದಲ್ಲಿ ಕ್ರೈಸ್ತ ಧರ್ಮ ಊರಲಾರದು ಎಂದೇ ಬರೆದರು. ಅವರು ಹೋಗಿ ಇನ್ನೂರು ವರ್ಷ ಕಳೆದಿದೆ. ಸಾತಳ್ಳಿಯಲ್ಲಿ ಇವತ್ತಿಗೂ ಗಂಟೆ ಬಾರಿಸುತ್ತದೆ, ಜನ ಹೊಲಕ್ಕೆ ಹೋಗುತ್ತಾರೆ, ಕನ್ನಡದಲ್ಲಿ ಜಪ ಮಾಡುತ್ತಾರೆ. ದೊಡ್ಡ ಸ್ವಾಮಿಯವರು ಮೇಲಿನಿಂದ ಬೆಳೆ ನೋಡಿ ನಿರಾಶರಾದರು. ಬೇರು ಅವರ ಕಾಲಡಿಯಲ್ಲೇ ಇಳಿಯುತ್ತಿತ್ತು.

ಪ್ರೊಟೆಸ್ಟೆಂಟರ ಬಾಸೆಲ್ ಮಿಷನ್ನಿನ ಕತೆಯನ್ನು ಈ ಸಭೆಗೆ ವಿಸ್ತರಿಸಿ ಹೇಳಬೇಕಿಲ್ಲ. ಅದರ ಪಾದ್ರಿಗಳು 1834ರಲ್ಲಿ ಮಂಗಳೂರಿಗೆ ಬಂದಿಳಿದರು. 1843ರ ಜುಲೈಯಲ್ಲಿ ಹರ್ಮನ್ ಮೊಗ್ಲಿಂಗ್ 'ಮಂಗಳೂರು ಸಮಾಚಾರ' ಹೊರಡಿಸಿದರು. ಬಸವಪುರಾಣವನ್ನೂ ದಾಸರ ಪದಗಳನ್ನೂ ಅಚ್ಚಿಗೆ ತಂದದ್ದು ಅದೇ ಮೊಗ್ಲಿಂಗ್. ಅದೇ ಮಿಷನ್ನಿನ ಕಿಟ್ಟೆಲ್ ಅವರ 1894ರ ಕನ್ನಡ ನಿಘಂಟು ಎಲ್ಲರಿಗೂ ಗೊತ್ತು. ಅದಕ್ಕೂ ಮೂವತ್ತೆರಡು ವರ್ಷ ಮೊದಲು ಅವರು 'ಕಥಾಮಾಲೆ' ಎಂಬ ಹೆಸರಿನಲ್ಲಿ ಯೇಸುವಿನ ಕಥೆಯನ್ನು ಈ ನೆಲದ ಛಂದಸ್ಸಿನಲ್ಲಿ ಬರೆದರೆಂಬುದನ್ನು ಮಾತ್ರ ನಾವು ಮರೆತಿದ್ದೇವೆ. ನಿಘಂಟಿಗಾಗಿ ಪದ ಹುಡುಕುವ ಮೊದಲು ಆ ಮನುಷ್ಯ ಹಾಡಲು ಪದ ಹುಡುಕಿದ್ದ.

ಇವರೆಲ್ಲ ಹೊರಗಿನಿಂದ ಬಂದು ಒಳಗಿನವರಾದರು. ಒಳಗೇ ಹುಟ್ಟಿದ ಉತ್ತಂಗಿ ಚೆನ್ನಪ್ಪನವರ ಬಗ್ಗೆ ನಾನು ತುಸು ನಿಂತು ಮಾತಾಡಬೇಕು. 1881ರಲ್ಲಿ ಧಾರವಾಡದಲ್ಲಿ ಹುಟ್ಟಿದ ಚೆನ್ನಪ್ಪನವರು ಬಾಸೆಲ್ ಮಿಷನ್ನಿನಲ್ಲಿ ಸಭಾಪಾಲಕರಾಗಿ ದುಡಿದವರು. ಭಾನುವಾರ ಬೈಬಲ್ ಬೋಧನೆ. ಉಳಿದ ದಿನ ಊರೂರು ಅಲೆದು, ಓಲೆಗರಿ, ಕೈಬರಹದ ಪ್ರತಿ, ಜನರ ನಾಲಗೆ ಎಲ್ಲವನ್ನೂ ಜಾಲಾಡಿ ಸರ್ವಜ್ಞನ ತ್ರಿಪದಿಗಳನ್ನು ಕೂಡಿಹಾಕಿದರು. 1924ರಲ್ಲಿ ಅವರ ಸರ್ವಜ್ಞ ವಚನಗಳ ಸಂಗ್ರಹ ಹೊರಬಂತು. ಅನುಭವ ಮಂಟಪದ ಚರಿತ್ರೆಗೂ ಅವರು ತಮ್ಮ ಆಯುಸ್ಸು ತೆತ್ತರು. 1949ರಲ್ಲಿ ಕಲಬುರಗಿಯ ಕನ್ನಡ ಸಾಹಿತ್ಯ ಸಮ್ಮೇಳನದ ಅಧ್ಯಕ್ಷ ಪೀಠದಲ್ಲಿ ನಾಡು ಅವರನ್ನು ಕೂರಿಸಿತು. ಕ್ರೈಸ್ತನಾಗಲು ಕನ್ನಡವನ್ನು ಬಿಡಬೇಕಾಗಿಲ್ಲ, ಶರಣರನ್ನು ಪ್ರೀತಿಸಲು ಕ್ರಿಸ್ತನನ್ನು ಬಿಡಬೇಕಾಗಿಲ್ಲ ಎಂಬುದನ್ನು ಅವರು ಬಾಳಿ ತೋರಿಸಿದರು. ಸುಮ್ಮನೆ ಊಹಿಸಿ: ಜಗಲಿಯ ಮೇಲೆ ಕೂತ ಒಬ್ಬ ಮುದುಕ ತ್ರಿಪದಿ ಹೇಳುತ್ತಿದ್ದಾನೆ, ಕೆಳಗೆ ಕೂತು ಬರೆದುಕೊಳ್ಳುತ್ತಿರುವವರು ಕ್ರೈಸ್ತ ಸಭಾಪಾಲಕರು. ಯಾರು ಯಾರಿಗೆ ಬೋಧಿಸುತ್ತಿದ್ದಾರೆ? ನಮ್ಮ ನಂಬಿಕೆ ಈ ನೆಲದ ಮುಂದೆ ಶಿಷ್ಯನಾಗಿ ಕೂತ ಗಳಿಗೆ ಅದು. ಆ ಗಳಿಗೆಗಳು ನಮ್ಮ ಚರಿತ್ರೆಯಲ್ಲಿ ಇನ್ನೂ ಹೆಚ್ಚಿರಬೇಕಿತ್ತು.

ಈ ಕೊಡುಕೊಳೆ ಒಮ್ಮುಖವಾಗಿಲ್ಲ ಎಂಬುದೂ ನನಗೆ ಧೈರ್ಯ ಕೊಡುತ್ತದೆ. ಮಂಜೇಶ್ವರದ ಗೋವಿಂದ ಪೈಗಳು ಬುದ್ಧನ ಕಡೆಯ ದಿನದ ಮೇಲೆ 'ವೈಶಾಖಿ' ಬರೆದರು, ಯೇಸುವಿನ ಕಡೆಯ ದಿನದ ಮೇಲೆ 'ಗೊಲ್ಗೊಥಾ' ಬರೆದರು. ಅವರು ಚರ್ಚಿಗೆ ಸೇರಿದವರಲ್ಲ. ಡೋರನಹಳ್ಳಿಯ ಸಂತ ಅಂತೋಣಿಯವರ ವಿಗ್ರಹ ಉಳುವ ರೈತನ ನೇಗಿಲಿಗೆ ಸಿಕ್ಕಿತೆಂದು ಜನ ಹೇಳುತ್ತಾರೆ. ಅಲ್ಲಿ ಹರಕೆ ಹೊತ್ತು ಬರುವವರ ಜಾತಿ ಮತ ಕೇಳುವವರು ಯಾರೂ ಇಲ್ಲ.

ಈಗ ಕಹಿಯಾದ ಮಾತು. ಎರಡನೆಯ ವ್ಯಾಟಿಕನ್ ಮಹಾಸಭೆಯ ನಂತರ, 1969ರಲ್ಲಿ, ಭಾರತದ ಕಥೋಲಿಕ ಧರ್ಮಸಭೆ ಆರಾಧನೆಯಲ್ಲಿ ಹನ್ನೆರಡು ದೇಶೀ ಮಾರ್ಪಾಡುಗಳಿಗೆ ರೋಮಿನ ಒಪ್ಪಿಗೆ ಪಡೆಯಿತು. ಚಪ್ಪಲಿ ಕಳಚುವುದು, ನೆಲದ ಮೇಲೆ ಕೂರುವುದು, ಕೈಮುಗಿಯುವುದು, ಮೇಣದ ಬತ್ತಿಯ ಬದಲು ಎಣ್ಣೆ ದೀಪ, ಆರತಿ. ಬೆಂಗಳೂರಿನಲ್ಲಿ 1967ರಲ್ಲಿ ಕಥೋಲಿಕ ಬೋಧನೆ, ಆರಾಧನೆಗಳ ರಾಷ್ಟ್ರೀಯ ಕೇಂದ್ರವನ್ನು ಕಟ್ಟಿದ, ಮುಂದೆ ಮೈಸೂರಿನಲ್ಲಿ ಅಂಜಲಿ ಆಶ್ರಮ ಸ್ಥಾಪಿಸಿದ ಡಿ. ಎಸ್. ಅಮಲೋರ್ಪವದಾಸ್ ಇದರ ಹಿಂದಿನ ದೊಡ್ಡ ಚೇತನ. ಅವರ ಪ್ರಾಮಾಣಿಕತೆಗೆ ನಾನು ತಲೆಬಾಗುತ್ತೇನೆ. ಆಗ ಕೆಲವರು ಇದು ಹಿಂದೂಕರಣವೆಂದು ಕೂಗಾಡಿದರು. ನನ್ನ ತಕರಾರು ಬೇರೆ. ಸಂಸ್ಕೃತದ ಶ್ಲೋಕ ಬಂತು, ಕಾವಿ ಬಂತು, ಶಾಸ್ತ್ರೀಯ ನೃತ್ಯ ಬಂತು. ತಮಟೆ ಎಲ್ಲಿ? ನಮ್ಮ ಸಭೆಗಳಲ್ಲಿ ಬಹುಪಾಲು ಜನ ದಲಿತರು, ಕೂಲಿಯವರು, ಸಣ್ಣ ಹಿಡುವಳಿಯವರು. ಅವರ ಹಾಡು, ಅವರ ಕುಣಿತ, ಅವರ ಅಳು 'ಭಾರತೀಯ ಸಂಸ್ಕೃತಿ' ಎಂಬ ಲೆಕ್ಕಕ್ಕೆ ಯಾಕೆ ಬರಲಿಲ್ಲ?

ಅಜ್ಜಿಯ ಕಣವನ್ನು ನಾನು ಪೂರ್ತಿ ತೋರಿಸಿಲ್ಲ. ಅದರ ಅಂಚಿನಲ್ಲಿ ಮೊರ ಹಿಡಿದು ನಿಂತಿರುತ್ತಿದ್ದವರೂ ಕ್ರೈಸ್ತರೇ. ರಾಶಿ ಎತ್ತಿದ ಮೇಲೆ ಕಣದ ಅಡಿಯಲ್ಲಿ ಉಳಿದ ಮಣ್ಣು ಬೆರೆತ ಕಾಳು ಅವರ ಪಾಲು. ಚರ್ಚಿನಲ್ಲೂ ಅವರ ಜಾಗ ಹಿಂದೆ. ಹಬ್ಬದ ತೇರಿನ ಮುಂದೆ ಅವರದೇ ತಮಟೆ, ಬಾಗಿಲ ತನಕ. ಬಾಗಿಲಲ್ಲಿ ತಮಟೆ ನಿಲ್ಲುತ್ತಿತ್ತು. ಸರಕಾರದ 1950ರ ಆದೇಶ ದಲಿತ ಕ್ರೈಸ್ತರನ್ನು ಪರಿಶಿಷ್ಟ ಜಾತಿಯ ಪಟ್ಟಿಯಿಂದ ಹೊರಗಿಟ್ಟಿತೆಂದು ನಾವು ನ್ಯಾಯವಾಗಿಯೇ ಹೋರಾಡುತ್ತೇವೆ. ಒಳಗೆ ನಾವೇ ಇಟ್ಟ ಹಿಂದಿನ ಬೆಂಚಿನ ಬಗ್ಗೆ ಯಾವಾಗ ಮಾತಾಡುತ್ತೇವೆ? ಈ ನೆಲದ ಒಳ್ಳೆಯದರ ಜೊತೆಗೆ ಈ ನೆಲದ ಪಾಪವೂ ನಮ್ಮೊಳಗೆ ಬೇರು ಬಿಟ್ಟಿದೆ. ಜಾತಿಯನ್ನು ಸಂಸ್ಕೃತಿಯೆಂದು ಕರೆದು ಕಾಪಾಡುವವರ ಜೊತೆ ನನಗೆ ರಾಜಿಯಿಲ್ಲ.

ಇನ್ನೊಂದು ಸ್ವಂತದ ನೋವು. ನನ್ನ ತಂದೆ ನಗರದಲ್ಲಿ ತೀರಿಕೊಂಡರು. ಬದುಕಿಡೀ ಕನ್ನಡದಲ್ಲಿ ಜಪಸರ ಎಣಿಸಿದವರು. ಮಣ್ಣು ಮಾಡುವ ಪ್ರಾರ್ಥನೆ ಕನ್ನಡದಲ್ಲಿ ಆಗಲಿ ಎಂದು ಅಲ್ಲಿನ ಒಂದು ಚರ್ಚಿನಲ್ಲಿ ಕೇಳಿಕೊಂಡೆವು. ಇಲ್ಲಿ ಆ ಪದ್ಧತಿಯಿಲ್ಲ ಎಂದರು. ತಂದೆಯ ಗುಂಡಿಯ ಪಕ್ಕ ನಿಂತು, ಅವರಿಗೆ ಅರ್ಥವಾಗದ ಭಾಷೆಯಲ್ಲಿ ಅವರನ್ನು ದೇವರಿಗೆ ಒಪ್ಪಿಸುವುದನ್ನು ಕೇಳಿದೆವು. ಕೊನೆಗೆ ನನ್ನ ತಂಗಿ ಮುಂದೆ ಬಂದು ಅಜ್ಜಿ ಹೇಳಿಕೊಟ್ಟ ಪಾಡಿನ ಹಾಡನ್ನು ತಡೆತಡೆದು ಹಾಡಿದಳು. ನನಗೆ ಯಾವ ಭಾಷೆಯ ಮೇಲೂ ದ್ವೇಷವಿಲ್ಲ. ತಮಿಳು, ಕೊಂಕಣಿ, ಮಲಯಾಳದ ಬಂಧುಗಳಿಗೂ ತಾಯ್ನುಡಿಯಲ್ಲಿ ಅಳುವ ಹಕ್ಕಿದೆ. ಕರ್ನಾಟಕದ ಮಣ್ಣಿನಲ್ಲಿ ಕನ್ನಡಿಗನಿಗೂ ಅದು ಇರಬೇಕೆಂದು ಕೇಳುತ್ತಿದ್ದೇನೆ.

ಆ ಪಾಡಿನ ಹಾಡು ಯಾವ ಪುಸ್ತಕದಲ್ಲೂ ಇಲ್ಲ. ತಪಸ್ಸುಕಾಲದ ಶುಕ್ರವಾರಗಳಲ್ಲಿ, ಶಿಲುಬೆ ಹಾದಿಯ ಪ್ರಾರ್ಥನೆ ಮುಗಿದ ಮೇಲೆ, ನಮ್ಮೂರಿನ ಹೆಂಗಸರು ಸೋಬಾನೆಯ ಧಾಟಿಯಲ್ಲೇ ಹಾಡುತ್ತಿದ್ದ ಹಾಡು ಅದು. ಮಗನನ್ನು ಕಳೆದುಕೊಂಡ ಮರಿಯಮ್ಮ ಅದರಲ್ಲಿ ನಮ್ಮ ಕೇರಿಯ ತಾಯಿಯ ಹಾಗೆ ಎದೆ ಬಡಿದುಕೊಂಡು ಅಳುತ್ತಾಳೆ. ತಂಗಿಗೆ ನೆನಪಿದ್ದದ್ದು ಆರು ಸಾಲು. ಅಜ್ಜಿಗೆ ಇಡೀ ರಾತ್ರಿ ಹಾಡುವಷ್ಟು ಬರುತ್ತಿತ್ತು. ಉತ್ತಂಗಿಯವರಂತೆ ಕೆಳಗೆ ಕೂತು ಬರೆದುಕೊಳ್ಳುವ ಬುದ್ಧಿ ನನಗೆ ಆಗ ಬರಲಿಲ್ಲ.

ಆದ್ದರಿಂದ ಈ ಸಮ್ಮೇಳನದ ಮುಂದೆ ನನ್ನ ಬೇಡಿಕೆ ಇಷ್ಟು. ಗುರುಗಳೇ, ಸಭಾಪಾಲಕರೇ, ಈ ವರ್ಷದ ಹಬ್ಬಕ್ಕೆ ತಮಟೆಯನ್ನು ಬಾಗಿಲಲ್ಲಿ ನಿಲ್ಲಿಸಬೇಡಿ, ಪೀಠದವರೆಗೆ ಬರಮಾಡಿಕೊಳ್ಳಿ. ನಗರದ ಚರ್ಚುಗಳಲ್ಲಿ ಸೇವೆ ಮಾಡುವವರೇ, ಕನ್ನಡದಲ್ಲಿ ಮಣ್ಣು ಮಾಡಿ ಎಂದು ಕೇಳಿ ಬಂದವರನ್ನು ಬರಿಗೈಯಲ್ಲಿ ಕಳಿಸಬೇಡಿ. ಇಲ್ಲಿ ಕೂತಿರುವ ಹುಡುಗ ಹುಡುಗಿಯರೇ, ನಿಮ್ಮ ಕೈಯಲ್ಲಿರುವ ಮೊಬೈಲಿನಲ್ಲಿ ದನಿ ಹಿಡಿಯುವ ಅನುಕೂಲವಿದೆ. ಮುಂದಿನ ಭಾನುವಾರ ಊರಿಗೆ ಹೋದಾಗ ಪೂಜೆ ಮುಗಿದ ಮೇಲೆ ನಿಮ್ಮ ಅಜ್ಜಿಯ ಪಕ್ಕ ಕೂತು, "ಅಜ್ಜೀ, ಪಾಡಿನ ಹಾಡು ಹೇಳು" ಎಂದು ಕೇಳಿ. ಅವರು ಹಾಡುವಷ್ಟೂ ಹಾಡಲಿ, ಒಂದು ಸಾಲೂ ಬಿಡದಂತೆ ಬರೆದುಕೊಳ್ಳಿ.